ಫಿರ್ಯಾದಿ ಗೈರುಹಾಜರು

ಇಬ್ಬರೂ ಮುಂಬಯಿಯವರು. ಒಬ್ಬರು ಚೆಂಬೂರಿನಲ್ಲಿ ಬಹಳ ಕಾಲ ಹೋಟೆಲು ನಡೆಸಿದವರು. ಇನ್ನೊಬ್ಬಳು ಅವರ ಗೆಳೆಯನ ಮಗಳು. ಕುರ್ಲಾ, ಅಂಧೇರಿ, ಬೋರಿವಲಿ ಕೋರ್ಟುಗಳಲ್ಲಿ ಚೆಕ್ ಬೌನ್ಸ್ ಕೇಸುಗಳನ್ನು ಒಮ್ಮೆ ಫಿರ್ಯಾದಿಯ ಕಡೆಯಿಂದ, ಒಮ್ಮೆ ಆರೋಪಿಯ ಕಡೆಯಿಂದ ನಡೆಸುವ ವಕೀಲೆ. ಮೇಜಿನ ಮೇಲಿರುವುದು ಹೋಟೆಲಿನವರ ತಮ್ಮ ಫಿರ್ಯಾದಿಯಾಗಿದ್ದ ಕೇಸಿನ ಕಡತ.

ಹೋಟೆಲಿನವರು: ಚೆಕ್ಕಿನ ಮೇಲೆ ಆರೋಪಿಯದೇ ಸಹಿ. ಖಾತೆಯಲ್ಲಿ ಹಣ ಸಾಲದು ಅಂತ ಬ್ಯಾಂಕಿನವರು ಬರೆದುಕೊಟ್ಟ ಮೆಮೋ ಇಲ್ಲಿದೆ. ನೋಟೀಸು ಅವನಿಗೆ ಮುಟ್ಟಿದ್ದಕ್ಕೆ ಅಂಚೆಯ ರಸೀದಿ ಇದೆ. ಇಷ್ಟೆಲ್ಲ ಇದ್ದೂ ಕೋರ್ಟು ಅವನನ್ನು ಖುಲಾಸೆ ಮಾಡಿತು ಅಂದರೆ, ಸಾಲವೇ ಇರಲಿಲ್ಲ ಅಂತ ಹೇಳಿದ ಹಾಗಾಯಿತಲ್ಲ?

ವಕೀಲೆ: ಹಾಗೆ ಹೇಳಿಲ್ಲ ಮಾಮ. ರೋಜ್ನಾಮೆಯ, ಅಂದರೆ ಕೋರ್ಟಿನ ದಿನಚರಿಯ, ಕೊನೆಯ ಪುಟ ನೋಡಿ. ಬೆಳಿಗ್ಗೆ ಕೂಗಿದಾಗ ಫಿರ್ಯಾದಿ ಇಲ್ಲ, ಅವರ ವಕೀಲರೂ ಇಲ್ಲ. ಊಟದ ನಂತರ ಇನ್ನೊಮ್ಮೆ ಕೂಗಿದಾಗಲೂ ಇಲ್ಲ. ಹಿಂದಿನ ತಾರೀಖುಗಳಲ್ಲೂ ಇದೇ ಕತೆ. ಆರೋಪಿ ಹಾಜರು. ದಂಡ ಪ್ರಕ್ರಿಯಾ ಸಂಹಿತೆಯ 256ನೇ ಕಲಮಿನ ಪ್ರಕಾರ ಖುಲಾಸೆ. ಸಾಲ ಇತ್ತೋ ಇಲ್ಲವೋ ಎಂಬ ಬಗ್ಗೆ ಒಂದಕ್ಷರ ಇಲ್ಲ.

ಹೋಟೆಲಿನವರು: ಬಾರದ್ದಕ್ಕೆ ದಂಡ ಹಾಕಲಿ, ಸಾವಿರವೋ ಎರಡು ಸಾವಿರವೋ. ಅದಕ್ಕೆ ಕಳ್ಳನನ್ನು ಬಿಟ್ಟುಬಿಡುವುದಾ?

ವಕೀಲೆ: ಕಳ್ಳ ಅನ್ನುತ್ತೀರಲ್ಲ, ಎಡವಟ್ಟು ಅಲ್ಲೇ. ಕಳ್ಳತನವಾದರೆ ಪೊಲೀಸರಿದ್ದಾರೆ, ಸರಕಾರಿ ವಕೀಲರಿದ್ದಾರೆ. ಮನೆಯ ಯಜಮಾನ ಊರಿಗೆ ಹೋದರೂ ಕೇಸು ನಡೆಯುತ್ತದೆ. ಚೆಕ್ಕಿನ ಕೇಸಿಗೆ ಅವರ್ಯಾರೂ ಇಲ್ಲ. ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆ 1881ರದ್ದು. ಚೆಕ್ಕು ವಾಪಸಾದರೆ ಜೈಲು ಎಂಬ ಮಾತು ಅದರಲ್ಲಿ ನೂರು ವರ್ಷಕ್ಕೂ ಮೇಲೆ ಇರಲಿಲ್ಲ. 1988ರಲ್ಲಿ ತಿದ್ದುಪಡಿ ತಂದು 138ನೇ ಕಲಮು ಸೇರಿಸಿದರು, 1989ರ ಏಪ್ರಿಲ್ 1ಕ್ಕೆ ಜಾರಿಗೆ ಬಂತು. ಆಗ ಒಂದು ವರ್ಷದವರೆಗೆ ಜೈಲು, ಈಗ ಎರಡು ವರ್ಷ. ದಂಡ ಚೆಕ್ಕಿನ ಮೊತ್ತದ ಎರಡು ಪಟ್ಟಿನವರೆಗೆ. ಆದರೆ ಒಳಗಿರುವುದು ಇಬ್ಬರ ನಡುವಿನ ದುಡ್ಡಿನ ವ್ಯಾಜ್ಯವೇ, ಮೇಲೆ ಕ್ರಿಮಿನಲ್ ಕೋಟು ತೊಡಿಸಿದ್ದಾರೆ ಅಷ್ಟೆ. ದೂರು ಕೊಡುವವನು ಫಿರ್ಯಾದಿ, ಸಾಕ್ಷಿ ಹೇಳುವವನೂ ಅವನೇ, ಸಮನ್ಸಿಗೆ ದುಡ್ಡು ಕಟ್ಟುವವನೂ ಅವನೇ. ಅವನೇ ಬಾರದಿದ್ದರೆ ಕೇಸು ಮುಂದಕ್ಕೆ ತಳ್ಳುವವರು ಯಾರು?

ಹೋಟೆಲಿನವರು: ಬಾರದೇ ಏನು ಮಾರಾಯ್ತಿ! ತಮ್ಮ ಅವನಿಗೆ ಹೋಟೆಲು ಕಂಡಕ್ಟಿಂಗ್ ಕೊಟ್ಟದ್ದು, ಅಂದರೆ ತಿಂಗಳ ರಾಯಲ್ಟಿಗೆ ನಡೆಸಲು ಬಿಟ್ಟದ್ದು, 2018ರಲ್ಲಿ. ಮೊದಲ ವರ್ಷ ತಿಂಗಳ ರಾಯಲ್ಟಿ ಸರಿಯಾಗಿ ಬಂತು. ಆಮೇಲೆ ಮುಂದಿನ ತಾರೀಖು ಹಾಕಿ ಚೆಕ್ಕು ಕೊಡಲಿಕ್ಕೆ ಶುರು ಮಾಡಿದ. ಮೂರು ಚೆಕ್ಕು, ನಾಲ್ಕೂವರೆ ಲಕ್ಷ, 2019ರ ಡಿಸೆಂಬರಿನಲ್ಲಿ ಮೂರೂ ವಾಪಸು. 30 ದಿನದೊಳಗೆ ನೋಟೀಸು ಕೊಟ್ಟೆವು. ಅವನಿಗೆ 15 ದಿನದ ಗಡುವು. ಅದು ದಾಟಿದ ಒಂದು ತಿಂಗಳೊಳಗೆ ಕೋರ್ಟಿಗೆ ಹಾಕಿದೆವು. ಹಾಕಿದ ಮರುತಿಂಗಳೇ ಲಾಕ್‌ಡೌನ್. ಕೋರ್ಟು ತೆರೆದ ಮೇಲೆ ಸಮನ್ಸು ಮುಟ್ಟಲಿಲ್ಲ. ಮುಟ್ಟಿದ ಮೇಲೆ ಅವನ ವಕೀಲರಿಗೆ ಹುಷಾರಿಲ್ಲ. ಅವರು ಹುಷಾರಾದಾಗ ಮ್ಯಾಜಿಸ್ಟ್ರೇಟರಿಗೆ ವರ್ಗ. ಅವನು ಬಾರದಿದ್ದರೆ ತಾರೀಖು, ಜಡ್ಜು ಬಾರದಿದ್ದರೆ ತಾರೀಖು, ನಾವು ಬಾರದಿದ್ದರೆ ಮಾತ್ರ ತೀರ್ಪು!

ವಕೀಲೆ: ಈ ಮಾತಿಗೆ ನನ್ನಲ್ಲಿ ಉತ್ತರವಿಲ್ಲ. ಕಾಯ್ದೆಯ 143ನೇ ಕಲಮು ಆರು ತಿಂಗಳೊಳಗೆ ವಿಚಾರಣೆ ಮುಗಿಸಲು ಯತ್ನಿಸಬೇಕು ಅನ್ನುತ್ತದೆ. ಅದನ್ನು ನಂಬಿ ಕೇಸು ಹಾಕುವವರು ಈಗ ಯಾರೂ ಇಲ್ಲ. 2019ರ ಕೊನೆಗೆ ದೇಶದಲ್ಲಿ ಬಾಕಿಯಿದ್ದ 2.31 ಕೋಟಿ ಕ್ರಿಮಿನಲ್ ಕೇಸುಗಳಲ್ಲಿ 35.16 ಲಕ್ಷ ಚೆಕ್ಕಿನವೇ ಎಂದು 2021ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಬರೆಯಿತು. ಮರುವರ್ಷ ಮಹಾರಾಷ್ಟ್ರವೂ ಸೇರಿ ಐದು ರಾಜ್ಯಗಳಲ್ಲಿ ನಿವೃತ್ತ ನ್ಯಾಯಾಧೀಶರನ್ನು ಕೂರಿಸಿ ಪ್ರಾಯೋಗಿಕ ವಿಶೇಷ ಕೋರ್ಟು ಮಾಡಿ ಎಂದಿತು. 2025ರ ಸೆಪ್ಟೆಂಬರಿನಲ್ಲಿ, ಗೋವಾದಿಂದ ಹೋದ ಒಂದು ಚೆಕ್ಕಿನ ಕೇಸಿನ ತೀರ್ಪಿನಲ್ಲಿ, ಮುಂಬಯಿಯೊಂದರಲ್ಲೇ ಬಾಕಿ 1,17,190 ಎಂದು ಲೆಕ್ಕ ಕೊಟ್ಟಿತು.

ಹೋಟೆಲಿನವರು: ಹಾಗಾದರೆ ನಾನು ಹೇಳಿದ್ದೇ ಸರಿ. ಬಾಕಿ ಕೇಸುಗಳ ಅಷ್ಟುದ್ದದ ಬೋರ್ಡು ಇಳಿಸಲಿಕ್ಕೆ ಈ 256 ಒಳ್ಳೇ ಉಪಾಯ. ಸಾಕ್ಷಿ ಕೇಳುವ ರಗಳೆ ಇಲ್ಲ, ತೀರ್ಪು ಬರೆಯುವ ಶ್ರಮ ಇಲ್ಲ, ನಾಲ್ಕು ಸಾಲಿನಲ್ಲಿ ಕೇಸು ಮುಗಿಯಿತು.

ವಕೀಲೆ: ಕೆಲವು ಕಡೆ ಹಾಗೂ ಆಗುತ್ತದೆ, ಇಲ್ಲ ಎನ್ನುವುದಿಲ್ಲ. ಕಲಮಿನ ಮಾತು ನೋಡಿದರೆ ಮ್ಯಾಜಿಸ್ಟ್ರೇಟರ ಮುಂದೆ ಮೂರು ದಾರಿ ಇವೆ. ಫಿರ್ಯಾದಿ ಬಾರದಿದ್ದರೆ ಖುಲಾಸೆ ಮಾಡಬಹುದು. ಕಾರಣವಿದೆ ಎಂದು ಕಂಡರೆ ಮುಂದಕ್ಕೆ ಹಾಕಬಹುದು. ಫಿರ್ಯಾದಿಯ ವಕೀಲರು ಇದ್ದರೆ, ಅಥವಾ ಇವತ್ತು ಫಿರ್ಯಾದಿ ಖುದ್ದಾಗಿ ಬೇಕಿಲ್ಲ ಅನ್ನಿಸಿದರೆ, ಹಾಜರಿ ಮಾಫಿ ಮಾಡಿ ಕೇಸು ಮುಂದುವರಿಸಬಹುದು. ಮೊದಲನೆಯದೇ ಸಲೀಸು. 1997ರ ಕೊನೆಗೆ ಸುಪ್ರೀಂ ಕೋರ್ಟು ಅಸೋಸಿಯೇಟೆಡ್ ಸಿಮೆಂಟ್ ಕಂಪನಿಯ ಕೇಸಿನಲ್ಲಿ ಇದನ್ನೇ ಕೈಗೆತ್ತಿಕೊಂಡಿತು. ನಮ್ಮ ಚರ್ಚ್‌ಗೇಟ್ ಬಳಿಯ ಸಿಮೆಂಟ್ ಹೌಸಿನಲ್ಲಿ ಇತ್ತಲ್ಲ, ಅದೇ ಎಸಿಸಿ. ನ್ಯಾಯಮೂರ್ತಿ ಕೆ.ಟಿ. ಥಾಮಸ್ ಹೇಳಿದ್ದರ ತಾತ್ಪರ್ಯ ಇಷ್ಟು: ಕೇಸು ಹಾಕಿ ಆರೋಪಿಯನ್ನು ಸುಮ್ಮನೆ ಸತಾಯಿಸುವ ಫಿರ್ಯಾದಿಗೆ ಈ ಕಲಮು ಕಡಿವಾಣ. ಆದರೆ ಅದನ್ನು ಎಳೆಯುವ ಮೊದಲು, ಆ ದಿನ ಫಿರ್ಯಾದಿ ಇಲ್ಲದೆ ಕೇಸು ಒಂದು ಹೆಜ್ಜೆಯೂ ಮುಂದೆ ಹೋಗುವುದಿಲ್ಲವೇ ಎಂದು ಮ್ಯಾಜಿಸ್ಟ್ರೇಟರು ಕೇಳಿಕೊಳ್ಳಬೇಕು. ಹೋಗುತ್ತದೆ ಎಂದಾದರೆ ಖುಲಾಸೆ ಸರಿಯಲ್ಲ. ಮತ್ತೆ 2008ರಲ್ಲಿ ಎಸ್. ಆನಂದ್ ವಿರುದ್ಧ ವಸುಮತಿ ಚಂದ್ರಶೇಖರ್ ಎಂಬ ಕೇಸಿನಲ್ಲೂ ಇದೇ ಮಾತು. ಅಲ್ಲಿ ಫಿರ್ಯಾದಿ ಕಡೆಯ ಸಾಕ್ಷ್ಯ ಮುಗಿದಿತ್ತು, ಆರೋಪಿ ತನ್ನ ಸಾಕ್ಷಿ ತರುವ ಸರದಿ. ಅಂಥ ಹೊತ್ತಿನಲ್ಲಿ ಫಿರ್ಯಾದಿ ಬರಲಿಲ್ಲವೆಂದು ಬಿಟ್ಟುಬಿಡುವಂತಿಲ್ಲ, ದಾಖಲೆ ನೋಡಿ ತೀರ್ಪು ಕೊಡಬೇಕಿತ್ತು ಎಂದರು.

ಹೋಟೆಲಿನವರು: ನೋಡು, ಇದೇ ಬೇಕಾದ್ದು! ಇದನ್ನೇ ಮೇಲಿನ ಕೋರ್ಟಿನಲ್ಲಿ ಹೇಳು.

ವಕೀಲೆ: ಹೇಳಬಹುದು. ಆದರೆ ನಿಮ್ಮ ತಮ್ಮನ ಕೇಸು ಯಾವ ಹಂತದಲ್ಲಿತ್ತು ಗೊತ್ತಾ? ಮುಖ್ಯ ವಿಚಾರಣೆಯ ಅಫಿಡವಿಟ್ಟು ಕೊಟ್ಟಾಗಿದೆ, ಚೆಕ್ಕಿನ ಕೇಸಿಗೆ 145ನೇ ಕಲಮು ಆ ಸೌಕರ್ಯ ಕೊಟ್ಟಿದೆ. ಉಳಿದದ್ದು ಪಾಟೀಸವಾಲು. ಅಂದರೆ ಅವರೇ ಕಟಕಟೆ ಹತ್ತಬೇಕಾದ ಹಂತ. ಅವರಿಲ್ಲದೆ ಯಾರನ್ನು ಪ್ರಶ್ನೆ ಮಾಡುವುದು? ಎಸಿಸಿ ತೀರ್ಪಿನ ಪ್ರಶ್ನೆಯನ್ನು ಮ್ಯಾಜಿಸ್ಟ್ರೇಟರು ಕೇಳಿಕೊಂಡಿದ್ದರೂ ಸಿಗುತ್ತಿದ್ದ ಉತ್ತರ ನಿಮಗೆ ಅನುಕೂಲವಾಗಿರಲಿಲ್ಲ.

ಹೋಟೆಲಿನವರು: ನೀನು ಯಾರ ಕಡೆ?

ವಕೀಲೆ: ಎರಡೂ ಕಡೆ ನಿಂತವಳು ಮಾಮ, ಅದೇ ಕಷ್ಟ. ಒಬ್ಬ ಕಕ್ಷಿಗಾರ ಇದ್ದ, ವಿರಾರಿನಿಂದ ಬರುತ್ತಿದ್ದ. ಟೆಂಪೋಕ್ಕೆ ಸಾಲ ಕೊಡುವಾಗ ಫೈನಾನ್ಸಿನವರು ಖಾಲಿ ಚೆಕ್ಕುಗಳ ಮೇಲೆ ಸಹಿ ಹಾಕಿಸಿಕೊಂಡಿದ್ದರು. ಆರು ಕಂತು ತಪ್ಪಿತು, ಬಡ್ಡಿಗೆ ಬಡ್ಡಿ ಸೇರಿಸಿ ಮೊತ್ತ ಬರೆದು ಬ್ಯಾಂಕಿಗೆ ಹಾಕಿದರು. ಖಾಲಿ ಚೆಕ್ಕಿಗೆ ಇನ್ನೊಬ್ಬರು ಮೊತ್ತ ತುಂಬಿದರೂ, ಸಹಿ ಒಪ್ಪಿಕೊಂಡರೆ ಸಾಲ ಇದೆ ಎಂದೇ ಕೋರ್ಟು ಊಹಿಸುತ್ತದೆ. 2019ರಲ್ಲಿ ಬೀರ್ ಸಿಂಗ್ ಕೇಸಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಖಚಿತ ಮಾಡಿತು. ಇಲ್ಲ ಎಂದು ತೋರಿಸುವ ಭಾರ ಆರೋಪಿಯದ್ದು. ಈತ ಪ್ರತೀ ತಾರೀಖಿಗೆ ದಿನದ ದುಡಿಮೆ ಬಿಟ್ಟು ಬರಬೇಕು. ಒಂದು ಸಲ ತಪ್ಪಿದರೆ ವಾರಂಟು. ಫೈನಾನ್ಸ್ ಕಂಪನಿಯ ಹುಡುಗ ಕೆಲಸ ಬಿಟ್ಟು ಹೋಗಿದ್ದ, ಅವನ ಜಾಗಕ್ಕೆ ಯಾರನ್ನೂ ಕಳಿಸಲಿಲ್ಲ. ಕಳಿಸಬಹುದಿತ್ತು. ಕಂಪನಿ ಫಿರ್ಯಾದಿಯಾದರೆ ಅದರ ಪರವಾಗಿ ಬರುವ ಮನುಷ್ಯ ಬದಲಾಗಬಹುದು ಎಂದು ಅದೇ ಎಸಿಸಿ ತೀರ್ಪು ಹೇಳಿದೆ. ಅವರಿಗೆ ಅಂಥ ನೂರಾರು ಕೇಸು, ಇದೊಂದರ ನೆನಪೇ ಇಲ್ಲ. ಕೊನೆಗೆ ನಾನೇ 256ರ ಅರ್ಜಿ ಹಾಕಿದೆ. ಆ ಕಲಮು ಇಲ್ಲದಿದ್ದರೆ ಅವನು ಇವತ್ತಿಗೂ ವಿರಾರ್ ಲೋಕಲಿನಲ್ಲಿ ನೇತಾಡಿಕೊಂಡು ಕೋರ್ಟಿಗೆ ಬರುತ್ತಿದ್ದ.

ಹೋಟೆಲಿನವರು: ಫೈನಾನ್ಸಿನವರೂ ನನ್ನ ತಮ್ಮನೂ ಒಂದೆಯಾ? ಅವರಿಗೆ ವಕೀಲರ ಪಟಾಲಮ್ಮು. ಇವನು ಒಬ್ಬನೇ.

ವಕೀಲೆ: ಒಂದೇ ಅಲ್ಲ. ನನ್ನ ತಕರಾರೂ ಅದೇ. ಕಂಪನಿಗೆ ಒಂದು ಖುಲಾಸೆ ಅಂದರೆ ಪಟ್ಟಿಯಲ್ಲಿ ಒಂದು ಸಾಲು ಹೊಡೆದುಹಾಕಿದ ಹಾಗೆ. ಸಣ್ಣ ಹೋಟೆಲಿನವನಿಗೆ, ಪತ್‌ಪೇಢಿಯಂಥ ಸಣ್ಣ ಸಹಕಾರಿ ಸಂಘಕ್ಕೆ, ಕೈಗಡ ಕೊಟ್ಟ ಗುಮಾಸ್ತನಿಗೆ ಅದು ಇದ್ದಬದ್ದ ಒಂದೇ ಕೇಸು. ಮ್ಯಾಜಿಸ್ಟ್ರೇಟರು ಈ ವ್ಯತ್ಯಾಸ ನೋಡಬೇಕು. ದಂಡ ಪ್ರಕ್ರಿಯಾ ಸಂಹಿತೆಯ ಜಾಗಕ್ಕೆ ಬಂದ ಹೊಸ ನಾಗರಿಕ ಸುರಕ್ಷಾ ಸಂಹಿತೆಯ 279ನೇ ಕಲಮು ಸ್ವಲ್ಪ ಮೆತ್ತಗಾಗಿದೆ: ಫಿರ್ಯಾದಿ ಬಾರದಿದ್ದರೆ ಹಾಜರಾಗಲು 30 ದಿನ ಕೊಟ್ಟ ನಂತರವೇ ಖುಲಾಸೆ. ಆದರೆ ಅದು ಜಾರಿಗೆ ಬಂದದ್ದು 2024ರ ಜುಲೈ 1ಕ್ಕೆ. ಅದಕ್ಕೂ ಮೊದಲು ಶುರುವಾದ ವಿಚಾರಣೆಗಳು ಹಳೇ ಸಂಹಿತೆಯಲ್ಲೇ ನಡೆಯುತ್ತವೆ. ನಿಮ್ಮದು 2020ರ ಕೇಸು, ಆ 30 ದಿನ ಸಿಗಲಿಲ್ಲ. ಈಗ ನಿಜ ಹೇಳಿ ಮಾಮ, ತಮ್ಮ ಬಾರದ್ದು ಯಾಕೆ? ಮಳೆಗೆ ಹಾರ್ಬರ್ ಲೈನು ನಿಂತ ದಿನವಂತೂ ಅಲ್ಲ. ಆಗ ಯಾರೂ ಖುಲಾಸೆ ಬರೆಯುವುದಿಲ್ಲ.

ಹೋಟೆಲಿನವರು: ಮನೆಯ ದೈವದ ನೇಮ ಇತ್ತು, ಊರಿಗೆ ಹೋಗಿದ್ದ.

ವಕೀಲೆ: ನೇಮ ಒಂದು ದಿನ. ಗೈರಾದದ್ದು ಬಹಳ ತಾರೀಖು.

ಹೋಟೆಲಿನವರು: ಹೇಳುತ್ತೇನೆ. ಆ ಮನುಷ್ಯ ಒಂದು ದಿನ ಕೋರ್ಟಿನ ವರಾಂಡದಲ್ಲಿ ತಮ್ಮನ ಕೈ ಹಿಡಿದ. ‘ಅಣ್ಣಾ, ನಾವು ಒಂದೇ ಊರಿನವರು, ಯಾಕೆ ಈ ಜಗಳ, ಮೂರೂವರೆ ಲಕ್ಷಕ್ಕೆ ಮುಗಿಸುವ, ಕಂತಿನಲ್ಲಿ ಕೊಡುತ್ತೇನೆ’ ಅಂದ. ಎರಡು ಕಂತು ಕೈಯಲ್ಲೇ ಕೊಟ್ಟ. ಇನ್ನು ತಾರೀಖಿಗೆ ಬರಬೇಡಿ, ಕೇಸು ತನ್ನಷ್ಟಕ್ಕೆ ಮುಗಿಯುತ್ತದೆ ಅಂದ. ತಮ್ಮ ನಂಬಿದ. ನಮ್ಮ ವಕೀಲರಿಗೂ ಫೀಸು ಕೊಡುವುದು ನಿಲ್ಲಿಸಿದ, ಅವರೂ ಬರಲಿಲ್ಲ. ಕೇಸು ತನ್ನಷ್ಟಕ್ಕೇ ಮುಗಿಯಿತು, ಅವನು ಹೇಳಿದ ಹಾಗೇ. ಮೂರನೇ ಕಂತು ಬರಲಿಲ್ಲ.

ವಕೀಲೆ: ಇದನ್ನು ಮೊದಲೇ ಹೇಳಬೇಕಿತ್ತು. ಮುಂಬಯಿಯ ಕೋರ್ಟುಗಳಲ್ಲಿ ಫಿರ್ಯಾದಿ ಗೈರಾಗುವ ಕೇಸುಗಳಲ್ಲಿ ನಾನು ಕಂಡ ಮಟ್ಟಿಗೆ ಇಂಥವೇ ಜಾಸ್ತಿ. ಸೋಮಾರಿತನ ಅಲ್ಲ, ಮರೆವು ಅಲ್ಲ, ವರಾಂಡದ ರಾಜಿ. ಕೇಸು ಹಾಕಿದ್ದೇ ಹೆದರಿಸಲಿಕ್ಕೆ. ಎದುರಿನವನು ಸ್ವಲ್ಪ ಬಗ್ಗಿದ ಕೂಡಲೇ ಕೋರ್ಟು ಬೇಡವಾಗುತ್ತದೆ. ರಾಜಿ ಮಾಡಿಕೊಳ್ಳಬಾರದು ಎಂದು ಯಾರೂ ಹೇಳುವುದಿಲ್ಲ. ಚೆಕ್ಕಿನ ಕಾಯ್ದೆಯ 147ನೇ ಕಲಮಿನಲ್ಲಿ ಈ ಅಪರಾಧಕ್ಕೆ ಯಾವ ಹಂತದಲ್ಲೂ ರಾಜಿಗೆ ಅವಕಾಶ ಇದೆ. ಆದರೆ ರಾಜಿ ಆಗಬೇಕಾದದ್ದು ಒಳಗೆ, ಕಾಗದದ ಮೇಲೆ. ಲೋಕ ಅದಾಲತಿಗೆ ಹೋಗಿ ಮೂರೂವರೆ ಲಕ್ಷ, ಇಷ್ಟು ಕಂತು, ಇಂಥ ದಿನಕ್ಕೆ ಎಂದು ಬರೆಸಿದ್ದರೆ, ಆ ಕಾಗದಕ್ಕೆ ಸಿವಿಲ್ ಕೋರ್ಟಿನ ಡಿಕ್ರಿಯ ಬೆಲೆ. ಚೆಕ್ಕಿನ ಕ್ರಿಮಿನಲ್ ಕೇಸಿನಿಂದ ಹೋದ ರಾಜಿಯಾದರೂ ಅಷ್ಟೇ ಎಂದು 2011ರಲ್ಲಿ ಗೋವಿಂದನ್ ಕುಟ್ಟಿ ಮೆನನ್ ಕೇಸಿನಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಮೂರನೇ ಕಂತು ತಪ್ಪಿದ್ದರೆ ಹೊಸ ಕೇಸು ಬೇಡ, ಸೀದಾ ವಸೂಲಿಗೆ ಹೋಗಬಹುದಿತ್ತು. ಅದೂ ಬೇಡವಾಗಿದ್ದರೆ, ಎಲ್ಲ ಕಂತು ಬರುವವರೆಗೆ ತಾರೀಖಿಗೆ ಹೋಗಿ ನಿಲ್ಲಬೇಕಿತ್ತು.

ಹೋಟೆಲಿನವರು: ತಮ್ಮ ಇರುವ ಊರಿನಿಂದ ಪ್ರತಿ ಸಲ ಮತ್ಸ್ಯಗಂಧ ರೈಲು ಹತ್ತಿ ಬರಲಿಕ್ಕೆ ಆಗುತ್ತದಾ?

ವಕೀಲೆ: ನೀವು ಇಲ್ಲೇ ಇದ್ದಿರಲ್ಲ! ಕಂಡಕ್ಟಿಂಗ್ ಮಾತುಕತೆಗೆ ಕೂತವರು ನೀವು, ಚೆಕ್ಕು ಕೈಗೆ ಬಂದದ್ದು ನಿಮ್ಮ ಎದುರಿಗೆ. ನಿಮ್ಮ ಹೆಸರಿಗೆ ಒಂದು ಮುಖ್ತಿಯಾರ್ ಪತ್ರ ಮಾಡಿಕೊಟ್ಟಿದ್ದರೆ ಸಾಕಿತ್ತು. 2013ರಲ್ಲಿ ಎ.ಸಿ. ನಾರಾಯಣನ್ ಕೇಸಿನಲ್ಲಿ, ಅದು ಮಹಾರಾಷ್ಟ್ರದಿಂದಲೇ ಹೋದದ್ದು, ಸುಪ್ರೀಂ ಕೋರ್ಟು ಇದನ್ನು ಬಿಡಿಸಿ ಹೇಳಿತು: ಮುಖ್ತಿಯಾರ ಚೆಕ್ಕಿನ ಕೇಸು ಹಾಕಬಹುದು, ಸಾಕ್ಷಿಯನ್ನೂ ಹೇಳಬಹುದು, ವ್ಯವಹಾರ ಅವನಿಗೆ ಖುದ್ದು ಗೊತ್ತಿರಬೇಕು. ಏನೂ ಗೊತ್ತಿಲ್ಲದ ಅಳಿಯನನ್ನು ಕಳಿಸಿದರೆ ಆಗುವುದಿಲ್ಲ. ನಿಮಗೆ ಎಲ್ಲ ಗೊತ್ತಿತ್ತು. ಅಷ್ಟೂ ಬೇಡ, ಊರಲ್ಲಿದ್ದಾರೆ, ಇವತ್ತಿನ ಹಾಜರಿ ಮಾಫಿ ಮಾಡಿ ಎಂದು ವಕೀಲರ ಕೈಯಲ್ಲಿ ಒಂದು ಅರ್ಜಿ ಕೊಡಿಸಿದ್ದರೂ ಆ ದಿನದ ಮಟ್ಟಿಗೆ ಖುಲಾಸೆ ತಪ್ಪುತ್ತಿತ್ತೋ ಏನೋ. ಒಂದು ವಿಷಯದಲ್ಲಿ ಮಾತ್ರ ಬಚಾವಾದಿರಿ.

ಹೋಟೆಲಿನವರು: ಎಂತದ್ದರಲ್ಲಿ?

ವಕೀಲೆ: 2018ರ ತಿದ್ದುಪಡಿಯಿಂದ 143-ಎ ಎಂಬ ಕಲಮು ಬಂದಿದೆ. ಕೇಸು ನಡೆಯುತ್ತಿರುವಾಗಲೇ ಚೆಕ್ಕಿನ ಮೊತ್ತದ 20 ಪ್ರತಿಶತದವರೆಗೆ ಮಧ್ಯಂತರ ಪರಿಹಾರ ಕೊಡಿಸಬಹುದು. ಕೆಲವರು ಅದನ್ನು ತೆಗೆದುಕೊಂಡು ಆಮೇಲೆ ಕೋರ್ಟಿನ ಕಡೆ ತಲೆ ಹಾಕುವುದಿಲ್ಲ. ಆರೋಪಿ ಖುಲಾಸೆಯಾದರೆ ಆ ಹಣವನ್ನು ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಬಡ್ಡಿ ಸೇರಿಸಿ 60 ದಿನದೊಳಗೆ ಅವನಿಗೇ ಹಿಂತಿರುಗಿಸಬೇಕು. ನಿಮ್ಮ ತಮ್ಮ ಆ ಅರ್ಜಿಯನ್ನೇ ಹಾಕಿರಲಿಲ್ಲ. ಹಾಕಿ ಪಡೆದಿದ್ದರೆ ಈಗ ನೀವೇ ಅವನಿಗೆ ಬಡ್ಡಿ ಕಟ್ಟುತ್ತಿದ್ದಿರಿ.

ಹೋಟೆಲಿನವರು: ಅಯ್ಯೋ ದೇವರೇ. ಸರಿ, ಈಗ ಅದೇ ಮ್ಯಾಜಿಸ್ಟ್ರೇಟರ ಹತ್ತಿರ ಹೋಗಿ, ಸ್ವಾಮೀ ತಪ್ಪಾಯಿತು, ಕೇಸು ಮತ್ತೆ ತೆಗೆಯಿರಿ ಅಂತ ಕೇಳಿದರೆ?

ವಕೀಲೆ: ಅವರಿಗೇ ಅಧಿಕಾರ ಇಲ್ಲ. ಒಮ್ಮೆ ಹಾಕಿದ ಆದೇಶವನ್ನು ಮ್ಯಾಜಿಸ್ಟ್ರೇಟರು ತಾವೇ ಹಿಂದಕ್ಕೆ ಪಡೆಯುವಂತಿಲ್ಲ, 1986ರ ಗೌರಾಯಾ ಕೇಸಿನಿಂದ ಇದು ಸ್ಪಷ್ಟ. ಹೊಸದಾಗಿ ಕೇಸು ಹಾಕಲಿಕ್ಕೂ ಬರುವುದಿಲ್ಲ. ಖುಲಾಸೆ ಅಂದರೆ ಖುಲಾಸೆಯೇ, ಅದೇ ಅಪರಾಧಕ್ಕೆ ಅದೇ ಮನುಷ್ಯನನ್ನು ಎರಡನೇ ಸಲ ವಿಚಾರಣೆಗೆ ಎಳೆಯುವಂತಿಲ್ಲ. ಉಳಿದಿರುವುದು ಅಪೀಲು. ಮೊದಲಾದರೆ ಅದಕ್ಕೂ ಹೈಕೋರ್ಟಿಗೆ ಹೋಗಿ ವಿಶೇಷ ಅನುಮತಿ ಕೇಳಬೇಕಿತ್ತು, 60 ದಿನದೊಳಗೆ. 2025ರಲ್ಲಿ ಸೆಲೆಸ್ಟಿಯಮ್ ಫೈನಾನ್ಷಿಯಲ್ ಕೇಸಿನಲ್ಲಿ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರ ಪೀಠ ದಾರಿ ಸಲೀಸು ಮಾಡಿತು. ನಮ್ಮ ಕರ್ನಾಟಕದವರೇ. ಚೆಕ್ಕು ವಾಪಸಾಗಿ ನಷ್ಟಪಟ್ಟವನು ಬಾಧಿತ ವ್ಯಕ್ತಿ, ಆದ್ದರಿಂದ ದಂಡ ಪ್ರಕ್ರಿಯಾ ಸಂಹಿತೆಯ 372ನೇ ಕಲಮಿನ ಪ್ರಕಾರ ಅನುಮತಿಯ ಹಂಗಿಲ್ಲದೆ ಸೆಷನ್ಸ್ ಕೋರ್ಟಿಗೆ ಅಪೀಲು ಹೋಗಬಹುದು ಎಂದರು. 30 ದಿನದೊಳಗೆ ಹಾಕಿದರೆ ತಡವಾಯಿತೆಂಬ ತಕರಾರು ಬರುವುದಿಲ್ಲ. ಆದೇಶದ ದೃಢೀಕೃತ ನಕಲಿಗೆ ನಾಳೆಯೇ ಅರ್ಜಿ ಹಾಕಿ.

ಹೋಟೆಲಿನವರು: ಇದೂ ಆಗದಿದ್ದರೆ ಸಿವಿಲ್ ದಾವೆ ಹಾಕಿದರಾಯಿತು. ಸಾಲ ಇರಲಿಲ್ಲ ಅಂತ ಕೋರ್ಟು ಹೇಳಿಲ್ಲವಲ್ಲ, ನೀನೇ ಅಂದೆ.

ವಕೀಲೆ: ಹಾಕಬಹುದಿತ್ತು. ಚೆಕ್ಕಿನ ಹಣಕ್ಕೆ ದಾವೆ ಹೂಡಲು ಮೂರು ವರ್ಷದ ಅವಧಿ. ಕ್ರಿಮಿನಲ್ ಕೇಸು ನಡೆಯುತ್ತಿದೆ ಎಂದು ಆ ಗಡಿಯಾರ ನಿಲ್ಲುವುದಿಲ್ಲ. ಎಷ್ಟೋ ಜನ ತಿಳಿದಿರುವುದು ನಿಲ್ಲುತ್ತದೆ ಅಂತ. ಕೊರೋನಾದಿಂದಾಗಿ 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ಕಾಲವನ್ನು ಲೆಕ್ಕದಿಂದ ಬಿಡಿ ಎಂದು ಸುಪ್ರೀಂ ಕೋರ್ಟು ಹೇಳಿತ್ತು. ಅದನ್ನು ಬಿಟ್ಟು ಎಣಿಸಿದರೂ ನಿಮ್ಮ 2019ರ ಚೆಕ್ಕುಗಳಿಗೆ 2024ರ ಕೊನೆಗೇ ಅವಧಿ ತೀರಿದೆ. ಆ ಎರಡು ಕಂತನ್ನು ಬ್ಯಾಂಕಿನ ಮೂಲಕ ಕೊಟ್ಟಿದ್ದರೆ, ಅಥವಾ ಇಷ್ಟು ಕೊಟ್ಟೆ ಎಂದು ಅವನ ಕೈಬರಹ ಇದ್ದಿದ್ದರೆ, ಅಲ್ಲಿಂದ ಹೊಸದಾಗಿ ಮೂರು ವರ್ಷ ಎಣಿಸುವ ವಾದ ಮಾಡಬಹುದಿತ್ತು. ಕಾಗದ ಏನಾದರೂ ಇದೆಯಾ?

ಹೋಟೆಲಿನವರು: ಇಲ್ಲ. ಗಲ್ಲಾದಿಂದ ತೆಗೆದು ಕೊಟ್ಟದ್ದು, ಇವನು ಕಿಸೆಗೆ ಹಾಕಿಕೊಂಡದ್ದು.

ವಕೀಲೆ: ಹಾಗಾದರೆ ಅಪೀಲೊಂದೇ. ಅದರಲ್ಲಿ ರಾಜಿಯ ವಿಷಯವನ್ನೂ ಬಂದ ಎರಡು ಕಂತನ್ನೂ ಮುಚ್ಚಿಡದೆ ಬರೆಯೋಣ. ಅವನು ಬರಬೇಡಿ ಎಂದದ್ದಕ್ಕೇ ಇವರು ಬರಲಿಲ್ಲ ಎಂಬುದೇ ನಮಗಿರುವ ಒಂದೇ ಕಾರಣ. ಸೆಷನ್ಸ್ ನ್ಯಾಯಾಧೀಶರಿಗೆ ಅದು ಸಾಕು ಅನ್ನಿಸಿದರೆ ಖುಲಾಸೆ ರದ್ದಾಗಿ ಕೇಸು ಮತ್ತೆ ಪಾಟೀಸವಾಲಿನ ಹಂತಕ್ಕೆ ಮರಳುತ್ತದೆ. ಸಾಲದು ಅನ್ನಿಸಿದರೆ ನಾಲ್ಕೂವರೆ ಲಕ್ಷದಲ್ಲಿ ಕೈಗೆ ಬಂದದ್ದು ಆ ಎರಡು ಕಂತು ಮಾತ್ರ.

ಹೋಟೆಲಿನವರು: ಅಪೀಲಿಗೂ ತಮ್ಮ ಊರಿನಿಂದ ಬರಬೇಕಾ?

ವಕೀಲೆ: ಬರಬೇಕು. ಬಂದು ಮೊದಲು ನಿಮ್ಮ ಹೆಸರಿಗೆ ಮುಖ್ತಿಯಾರ್ ಪತ್ರಕ್ಕೆ ಸಹಿ ಹಾಕಲಿ. ಆಮೇಲಿನ ತಾರೀಖುಗಳಿಗೆ ನೀವು ಬನ್ನಿ, ಒಂದೂ ತಪ್ಪಿಸಬೇಡಿ.